ಖಾಲಿ ಡಬ್ಬಿ

ಆಲಮಟ್ಟಿ ಹಿನ್ನೀರು ಬಂತು ಅಂತ ಹಳೇ ಬಾಗಲಕೋಟೆ ಬಿಟ್ಟು ನವನಗರ ಸೇರಿದವರು ನಾವು. ಪಕ್ಕದ ಮನೆ ಕಾಕೂನೂ ಹಾಗೇ. ನಾಗರ ಪಂಚಮಿಗೆ ಅವರು ಶೇಂಗಾ ಉಂಡಿ ಹಾಕಿ ಕೊಟ್ಟ ಸ್ಟೀಲ್ ಡಬ್ಬಿ ದಸರಾವರೆಗೂ ನಮ್ಮ ಅಡುಗೆಮನೆಯಲ್ಲೇ ಕೂತಿತ್ತು. ಖಾಲಿ ಡಬ್ಬಿ ಹೇಗೆ ಕೊಡೋದು ಅಂತ ಅವ್ವ. ಉಂಡಿ ಸೇರಲಿಲ್ಲವೇನೋ ಅಂತ ಕಾಕು. ಎರಡು ತಿಂಗಳು ಮಾತೇ ಕಡಿಮೆ. ನಾನೂ ಸುಮ್ನೆ ನೋಡ್ತಾ ಇದ್ದೆ, ತಪ್ಪು ನಂದೂ ಇದೆ ಅಲ್ವಾ?

ನಿನ್ನೆ ಸಂಜೆ ಕಾಕು ಬನ್ನಿ ಹಿಡಿದು ಬಂದರು. "ಬನ್ನಿ ತಗೊಂಡು ಬಂಗಾರದಂಗ ಇರೂಣ್ರಿ." ಅವ್ವ ಗಡಿಬಿಡಿಯಲ್ಲಿ ಡಬ್ಬಿ ತಂದಳು, ಖಾಲಿಯೇ! ಮತ್ತೆ ಒಳಗೆ ಓಡಿ ಒಂದು ಹಿಡಿ ಸಕ್ಕರೆ ಹಾಕಿದಳು.

ಕಾಕು ಮೆಲ್ಲಗೆ ಕೇಳಿದರು, "ಉಂಡಿಗೆ ಬೆಲ್ಲ ಜಾಸ್ತಿ ಆಗಿತ್ತೇನ್ರಿ ಅಕ್ಕಾರ?"