ನೀವು ನಟರೋ, ಸೆಟ್ ಮಾಡುವವರೋ?

ಮದುವೆ ಮನೆಯ ಪಂಕ್ತಿಯಲ್ಲಿ, ಬಸ್ಸಿನಲ್ಲಿ, ನಾಟಕ ಮುಗಿದ ಮೇಲೆ ರಂಗಮಂದಿರದ ಹೊರಗಿನ ಚಹಾ ಅಂಗಡಿಯಲ್ಲಿ ನನಗೆ ಎದುರಾಗುವ ಪ್ರಶ್ನೆ ಇದೊಂದೇ. ಕೇಳುವ ಧಾಟಿ ಮಾತ್ರ ಬೇರೆ ಬೇರೆ. ರಂಗಭೂಮಿಗೆ ಬರಬೇಕೆಂದಿರುವ ಹುಡುಗರು, "ಸರ್, ನಟನೆ, ವಿನ್ಯಾಸ ಎರಡನ್ನೂ ಹೇಗೆ ನಿಭಾಯಿಸುತ್ತೀರಿ?" ಎಂದು ವಿನಯದಿಂದ ಕೇಳುತ್ತಾರೆ. ಊರಿನ ದೊಡ್ಡಪ್ಪನದು ನೇರ ಮಾತು: "ಅಲ್ಲ ಮಾರಾಯ, ಸಿನಿಮಾದಲ್ಲಿ ನಿನ್ನ ಮುಖ ನೋಡಿದೆವು. ಮತ್ತೆ ಇನ್ನೂ ಯಾಕೆ ಮೊಳೆ ಹೊಡೆಯುತ್ತಾ ಇದ್ದೀ?"

ದೊಡ್ಡಪ್ಪನ ಮನಸ್ಸಿನಲ್ಲಿ ಒಂದು ಏಣಿ ಇದೆ. ಬುಡದಲ್ಲಿ ಸುತ್ತಿಗೆ, ನಡುವೆ ನಾಟಕ, ತುದಿಯಲ್ಲಿ ಸಿನಿಮಾ. ತುದಿಗೆ ಹತ್ತಿದವನು ಇಳಿಯಬಾರದು. ನನ್ನ ತಕರಾರು ಇರುವುದು ಈ ಏಣಿಯ ಮೇಲೆಯೇ.

ನನ್ನ ಸೋದರಮಾವ ಯಕ್ಷಗಾನ ಮೇಳದಲ್ಲಿ ಬಣ್ಣದ ವೇಷ ಮಾಡುತ್ತಿದ್ದರು. ಯಕ್ಷಗಾನದ ತೆಂಕಣ ಶೈಲಿಯಾದ ತೆಂಕುತಿಟ್ಟಿನಲ್ಲಿ ಬಣ್ಣದ ವೇಷವೆಂದರೆ ರಾಕ್ಷಸ ಪಾತ್ರ. ಅಕ್ಕಿ ಹಿಟ್ಟು, ಸುಣ್ಣ ಕಲಸಿ, ಮುಖದ ಮೇಲೆ ಚುಕ್ಕೆಗಳನ್ನು ಒಂದರ ಪಕ್ಕ ಒಂದರಂತೆ ಎತ್ತರಕ್ಕೆ ಏರಿಸುತ್ತಾ ಹೋಗಬೇಕು. ಅದಕ್ಕೆ ಚಿಟ್ಟಿ ಇಡುವುದು ಎನ್ನುತ್ತಾರೆ. ಗಂಟೆಗಟ್ಟಲೆ ಹಿಡಿಯುವ ಕೆಲಸ. ಕಥಕ್ಕಳಿಯಲ್ಲಿ ಇದಕ್ಕೆಂದೇ ಬೇರೆ ಕಲಾವಿದರಿರುತ್ತಾರೆ. ವೇಷಧಾರಿ ಅಂಗಾತ ಮಲಗಿ ಒಂದು ನಿದ್ದೆ ತೆಗೆಯಬಹುದು. ನಮ್ಮಲ್ಲಿ ಹಾಗಿಲ್ಲ. ಚೌಕಿಯಲ್ಲಿ, ಅಂದರೆ ಬಣ್ಣ ಹಚ್ಚುವ ಕೋಣೆಯಲ್ಲಿ, ಕನ್ನಡಿ ಹಿಡಿದು ಕೂತು ವೇಷಧಾರಿಯೇ ಬರೆದುಕೊಳ್ಳಬೇಕು. ಮಾವ ಆಗಾಗ ಕನ್ನಡಿಯನ್ನು ತೋಳಿನುದ್ದಕ್ಕೂ ದೂರ ಹಿಡಿದು, ಕಣ್ಣು ಕಿರಿದು ಮಾಡಿ ನೋಡುತ್ತಿದ್ದರು. ಹತ್ತಿರದಿಂದ ಚೆನ್ನಾಗಿ ಕಂಡದ್ದನ್ನು ಎಷ್ಟೋ ಸಲ ಒರೆಸಿ ಮತ್ತೆ ಇಟ್ಟದ್ದಿದೆ. ಕೊನೆಯ ಸಾಲಿನಲ್ಲಿ ಚಾಪೆ ಹಾಸಿ ಕೂತವನಿಗೆ ಕಾಣಬೇಕಲ್ಲ! ಚಿಟ್ಟಿ ಒಣಗುವವರೆಗೆ ನಗುವಂತಿಲ್ಲ, ಮಾತಾಡುವಂತಿಲ್ಲ. ಅಷ್ಟು ಹೊತ್ತು ಮೌನವಾಗಿ ತನ್ನ ಮುಖವನ್ನು ತಾನೇ ಕಟ್ಟಿಕೊಂಡವರು, ತೆರೆಯ ಹಿಂದೆ ಹೋಗಿ ನಿಲ್ಲುವಷ್ಟರಲ್ಲಿ ನನ್ನ ಮಾವನಾಗಿ ಉಳಿದಿರುತ್ತಿರಲಿಲ್ಲ. ಅವರನ್ನು ನೀವು ನಟರೋ ಪ್ರಸಾಧನದವರೋ ಎಂದು ಯಾರೂ ಕೇಳಿದ್ದು ನನಗೆ ನೆನಪಿಲ್ಲ.

ಆಮೇಲೆ ನಾನು ಹೆಗ್ಗೋಡಿಗೆ ಹೋದೆ. ಅಲ್ಲಿ ಕೆ.ವಿ. ಸುಬ್ಬಣ್ಣನವರ ನಾಟಕ ಸಂಸ್ಥೆ ನೀನಾಸಂ 1980ರಲ್ಲಿ ಆರಂಭಿಸಿದ ರಂಗಶಿಕ್ಷಣ ಕೇಂದ್ರವಿದೆ. ನಟನಾಗಬೇಕೆಂದು ಹೋದವನ ಕೈಗೆ ಗರಗಸವೂ ಬಂತು, ಬಣ್ಣದ ಬಕೆಟ್ಟೂ ಬಂತು. 1985ರಿಂದ ಊರೂರು ಸುತ್ತುತ್ತಿರುವ ನೀನಾಸಂ ನಾಟಕ ತಂಡ 'ತಿರುಗಾಟ'ವನ್ನು ನೋಡಿದವರಿಗೆ ಇದು ಗೊತ್ತು: ಸಂಜೆ ರಾಜನಾಗುವವನು ಬೆಳಿಗ್ಗೆ ಸಾಮಾನು ಇಳಿಸುತ್ತಾನೆ, ರಾತ್ರಿ ಕಿರೀಟ ಬಿಚ್ಚಿಟ್ಟು ಮತ್ತೆ ಅದನ್ನೇ ಹೇರುತ್ತಾನೆ. ಹಾಗೆ ಹೇರುವಾಗಲೇ ವಿನ್ಯಾಸದ ಮೊದಲ ಪಾಠವಾಗುತ್ತದೆ. ಮಡಚಲು ಬಾರದ ಸಿಂಹಾಸನವನ್ನು ಮಾಡಿದವನಿಗೆ ಅದನ್ನು ಹೊರುವವರೆಲ್ಲ ದಾರಿಯುದ್ದಕ್ಕೂ ಶಾಪ ಹಾಕುತ್ತಾರೆ.

ಆದರೆ ನನಗೆ ನಿಜವಾದ ಪಾಠ ಕಲಿಸಿದ್ದು ನಾಲ್ಕು ಮೆಟ್ಟಿಲು.

ಒಂದು ನಾಟಕಕ್ಕೆ ನಾನು ವಾಡೆಯ, ಅಂದರೆ ಯಜಮಾನರ ದೊಡ್ಡ ಮನೆಯ, ಸೆಟ್ ಮಾಡಿದ್ದೆ. ಹಿಂದಿನ ಲೆವೆಲ್ಲು, ಅಂದರೆ ವೇದಿಕೆಯ ಮೇಲೆ ಎತ್ತರಿಸಿ ಕಟ್ಟಿದ ಅಟ್ಟಣೆ, ಮೂರು ಅಡಿ ಎತ್ತರ. ವೇದಿಕೆಯ ಆಳ ಕಡಿಮೆ ಇದ್ದುದರಿಂದ ಜಾಗ ಉಳಿಸಲು ಒಂಬತ್ತು ಇಂಚಿನ ನಾಲ್ಕು ಮೆಟ್ಟಿಲುಗಳಲ್ಲಿ ಆ ಎತ್ತರ ಮುಟ್ಟಿಸಿದೆ. ಚಿತ್ರದಲ್ಲಿ ಚೆನ್ನಾಗಿತ್ತು, ಬೆಳಕಿನಲ್ಲಿ ಇನ್ನೂ ಚೆನ್ನಾಗಿತ್ತು. ಮನೆಯ ಹಿರಿಯ ಹೆಂಗಸಿನ ಪಾತ್ರ ಮಾಡುತ್ತಿದ್ದ ನಟಿ ಕೈಯಲ್ಲಿ ಹರಿವಾಣ ಹಿಡಿದು, ಪಾದ ಮುಚ್ಚುವ ಸೀರೆಯುಟ್ಟು ಆ ಮೆಟ್ಟಿಲು ಇಳಿಯಬೇಕಿತ್ತು. ಪ್ರತಿ ತಾಲೀಮಿನಲ್ಲೂ ಆಕೆ ಕಾಲ ಕಡೆ ನೋಡುತ್ತಿದ್ದರು. "ಅಕ್ಕಾ, ತಲೆ ಎತ್ತಿ ಇಳಿಯಿರಿ, ಯಜಮಾನಿಯ ಗತ್ತು ಬರುತ್ತಿಲ್ಲ" ಎಂದು ನಿರ್ದೇಶಕರು ಹೇಳಿದರೆ, ನಾನೂ ಪಕ್ಕದಲ್ಲಿ ನಿಂತು ತಲೆಯಾಡಿಸುತ್ತಿದ್ದೆ. ಅಂಥ ಮೂರ್ಖ ನಾನು.

ನಾಲ್ಕನೆಯ ಪ್ರಯೋಗದ ಹೊತ್ತಿಗೆ ಯಜಮಾನನ ಪಾತ್ರ ಮಾಡುತ್ತಿದ್ದವರಿಗೆ ಜ್ವರ ಬಂತು. ಮಾತುಗಳು ಬಾಯಿಪಾಠ ಇದ್ದದ್ದು ನನಗೊಬ್ಬನಿಗೆ. ಕಚ್ಚೆಪಂಚೆ ಉಟ್ಟು, ಶಲ್ಯ ಹೊದ್ದು, ಉದ್ದನೆಯ ಮಾತೊಂದನ್ನು ಆಡುತ್ತಾ ನನ್ನದೇ ಮೆಟ್ಟಿಲು ಹತ್ತಿದೆ. ಮೂರನೆಯದಕ್ಕೆ ಕಾಲಿಡುವಾಗ ವಾಕ್ಯದ ನಡುವೆ ಉಸಿರು ಕತ್ತರಿಸಿತು. ಒಂಬತ್ತು ಇಂಚು ಎತ್ತಿದ ಮೊಣಕಾಲು ಹೊಟ್ಟೆಯನ್ನು ಒತ್ತುತ್ತದೆ. ಹೊಟ್ಟೆ ಒತ್ತಿದರೆ ದನಿ ಹೋಗುತ್ತದೆ. ಇಷ್ಟು ಸರಳ ಸಂಗತಿ! ಸಾಲದ್ದಕ್ಕೆ ಮೇಲೆ ನಡೆದಾಗ ಟೊಳ್ಳು ಪ್ಲೈವುಡ್ಡು ಡಬ ಡಬ ಎಂದು ಸದ್ದು ಮಾಡಿ, ಕಲ್ಲಿನ ವಾಡೆಯನ್ನು ಒಂದೇ ಗಳಿಗೆಯಲ್ಲಿ ರಟ್ಟಿನ ಪೆಟ್ಟಿಗೆ ಮಾಡಿಬಿಟ್ಟಿತು.

ಮಾರನೆಯ ದಿನ ಆರು ಇಂಚಿನ ಆರು ಮೆಟ್ಟಿಲು ಮಾಡಿದೆ. ಲೆವೆಲ್ಲಿನ ಒಳಗೆ ಹಳೆಯ ಗೋಣಿಚೀಲ ತುರುಕಿ, ಮೇಲೆ ತೆಂಗಿನ ನಾರಿನ ಚಾಪೆ ಹೊಡೆದು, ಅದರ ಮೇಲೆ ಬಟ್ಟೆ ಎಳೆದು ಬಣ್ಣ ಬಳಿದೆ. ವೇದಿಕೆಯ ಜಾಗ ಕಡಿಮೆಯಾಯಿತೆಂದು ನಿರ್ದೇಶಕರು ಗೊಣಗಿದರು. ಆ ಸಂಜೆ ಅಕ್ಕ ಹರಿವಾಣ ಹಿಡಿದು, ಒಮ್ಮೆಯೂ ಕಾಲ ಕಡೆ ನೋಡದೆ ಇಳಿದು ಬಂದರು. ನಾನು ನೇಪಥ್ಯದಲ್ಲಿ ನಿಂತು ನೋಡುತ್ತಿದ್ದೆ. ಗತ್ತು ಎಲ್ಲಿತ್ತೆಂದು ಆಗ ಗೊತ್ತಾಯಿತು. ಆಕೆಯಲ್ಲಿ ಮೊದಲಿನಿಂದಲೂ ಇತ್ತು. ನಾನು ಮೂರು ಇಂಚು ಹೆಚ್ಚು ಮಾಡಿ ಅದನ್ನು ಕಸಿದುಕೊಂಡಿದ್ದೆ.

ಅಂದಿನಿಂದ ನನ್ನ ಸೆಟ್ಟಿನ ಪ್ರತಿ ಮೆಟ್ಟಿಲನ್ನೂ ಮಾತಾಡುತ್ತಾ ಹತ್ತಿ ನೋಡುತ್ತೇನೆ. ಬೇರೆಯವರ ನಾಟಕದಲ್ಲಿ ನಟಿಸುವಾಗಲೂ ಮೊದಲು ನೆಲವನ್ನು ಕಾಲಿನಿಂದ ಉಜ್ಜುತ್ತೇನೆ. ಕೆಲವು ವಿನ್ಯಾಸಕರಿಗೆ ಇದು ಅಧಿಕಪ್ರಸಂಗ ಎನಿಸುತ್ತದೆ. ಎನಿಸಲಿ.

ರಂಗಮಂದಿರ ಬದಲಾದರೆ ಲೆಕ್ಕವೆಲ್ಲ ತಲೆಕೆಳಗು. ಬೆಂಗಳೂರಿನ ರವೀಂದ್ರ ಕಲಾಕ್ಷೇತ್ರದಲ್ಲಿ ಪ್ರೇಕ್ಷಕರು ಎದುರಿಗೆ ಮಾತ್ರ. ರವಿಕೆಯ ಬೆನ್ನನ್ನು ಪಿನ್ನು ಚುಚ್ಚಿ ಸರಿಮಾಡಿದರೂ ನಡೆದೀತು. 2004ರಲ್ಲಿ ಶುರುವಾದ ರಂಗಶಂಕರದಲ್ಲಿ ವೇದಿಕೆ ಜನರ ನಡುವಿಗೆ ಚಾಚಿಕೊಂಡಿದೆ, ಮೂರು ಕಡೆಯಿಂದಲೂ ಕಣ್ಣು. ಅಲ್ಲಿ ಬೆನ್ನಿಗೂ ಪಾತ್ರ ಬೇಕು, ಪಿನ್ನು ಕಂಡರೆ ಹೋಯಿತು.

ಇನ್ನು ಸಿನಿಮಾ. ನಾನು ಮಾಡಿದ್ದೆಲ್ಲ ಸಣ್ಣ ಪಾತ್ರಗಳು: ಪೇದೆ, ಮೇಷ್ಟ್ರು, ಹೆಣ್ಣಿನ ಕಡೆಯ ಮಾವ. ಅಲ್ಲಿ ಗೋಡೆ ಮುಗಿಯುವುದು ಚೌಕಟ್ಟು ಮುಗಿಯುವಲ್ಲಿ. ಅದರಾಚೆ ವೈರು, ಸ್ಟ್ಯಾಂಡು, ಕುರ್ಚಿ. ಒಮ್ಮೆ ಶಾನುಭೋಗನ ಪಾತ್ರ ಸಿಕ್ಕಿತ್ತು. ಮೇಜಿನ ಮೇಲೆ ಎಂಟು ಹತ್ತು ದಪ್ಪ ಪುಸ್ತಕ, ತೆರೆದು ನೋಡಿದರೆ ಒಳಗೆಲ್ಲ ಖಾಲಿ. ದೀಪ ಸರಿಮಾಡಲು ಹೇಗೂ ಗಂಟೆ ಹಿಡಿಯುತ್ತದೆಂದು ಕಲಾ ವಿಭಾಗದ ಹುಡುಗನಿಂದ ಪೆನ್ನು ತೆಗೆದುಕೊಂಡು ಸರ್ವೆ ನಂಬರು, ಎಕರೆ, ಗುಂಟೆ, ಕಂದಾಯ ಎಂದು ಎರಡು ಪುಟ ಗೀಚಿದೆ. ಶಾಟ್‌ನಲ್ಲಿ ಪುಸ್ತಕ ಕಾಣುವಂತೆಯೇ ಇರಲಿಲ್ಲ. ಆದರೆ ನನ್ನ ಬೆರಳಿಗೆ ಹುಡುಕಲು ಒಂದು ಸಾಲು ಸಿಕ್ಕಿತ್ತು. ಶಾಟ್ ಮುಗಿದ ಮೇಲೆ ನಿರ್ದೇಶಕರು, "ನಿಮ್ಮ ಕೈ ಚೆನ್ನಾಗಿ ನಟಿಸಿತು" ಎಂದರು. ಮುಖದ ಬಗ್ಗೆ ಏನೂ ಹೇಳಲಿಲ್ಲ.

ಇದರಲ್ಲಿ ನಾನು ಮೊದಲಿಗನೇನೂ ಅಲ್ಲ. ಮೈಸೂರಿನಲ್ಲಿ ಹುಟ್ಟಿದ ಎಂ.ಎಸ್. ಸತ್ಯು ರಂಗವಿನ್ಯಾಸದಲ್ಲಿ ಕೈ ಪಳಗಿಸಿಕೊಂಡವರು. 1964ರ 'ಹಕೀಕತ್' ಚಿತ್ರದ ಕಲಾನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದು, ಆಮೇಲೆ 'ಗರಂ ಹವಾ' ನಿರ್ದೇಶಿಸಿದರು, ಮತ್ತೆ ನಾಟಕಕ್ಕೂ ಬರುತ್ತಲೇ ಇದ್ದರು. ಪ್ರೇಮಾ ಕಾರಂತರು ವಸ್ತ್ರವಿನ್ಯಾಸ ಮಾಡುತ್ತಾ, ಮಕ್ಕಳ ನಾಟಕ ಆಡಿಸುತ್ತಾ, 1983ರಲ್ಲಿ 'ಫಣಿಯಮ್ಮ' ಚಿತ್ರವನ್ನು ನಿರ್ದೇಶಿಸಿದರು. ವಿಧವೆಯೊಬ್ಬಳ ಬದುಕಿನ ಆ ಕಥೆಯಲ್ಲಿ ಸೀರೆಯ ಬಣ್ಣವೇ ಒಂದು ತೀರ್ಪು. ಅದನ್ನು ಬಟ್ಟೆ ಬಲ್ಲವರು ನಿರ್ದೇಶಿಸಿದ್ದು ಕೇವಲ ಆಕಸ್ಮಿಕವೆಂದು ನನಗೆ ಅನ್ನಿಸುವುದಿಲ್ಲ.

ದುಡ್ಡಿನ ಮಾತು ಬಿಟ್ಟರೆ ಉತ್ತರ ಪ್ರಾಮಾಣಿಕವಾಗುವುದಿಲ್ಲ. ಎರಡು ಕೆಲಸ ಮಾಡಿದರೆ ಎರಡು ಸಂಭಾವನೆ ಎಂದು ನೀವು ತಿಳಿದಿದ್ದರೆ, ಆ ಭ್ರಮೆ ಬೇಡ. ಒಂದು ಸಿನಿಮಾದವರು ನನ್ನಿಂದ ಸೆಟ್ಟನ್ನೂ ಮಾಡಿಸಿಕೊಂಡು, "ನಟರಿಗೆ ಕೊಡುವುದು ಕೊಟ್ಟಿದ್ದೇವಲ್ಲ" ಎಂದರು. ನಾಟಕ ತಂಡಗಳಲ್ಲಿ ಇದು ಇನ್ನೂ ನಯವಾಗಿ ನಡೆಯುತ್ತದೆ: "ನೀವು ನಮ್ಮವರೇ ಅಲ್ಲವೇ?" ಈಗ ಎರಡನ್ನೂ ಬೇರೆ ಬೇರೆ ಚೀಟಿಯಲ್ಲಿ ಬರೆದು ಕೊಡುತ್ತೇನೆ. ಕೆಲವರು ಬೇಸರಪಟ್ಟುಕೊಂಡು ಬೇರೆಯವರನ್ನು ಹುಡುಕಿಕೊಂಡಿದ್ದಾರೆ. ನಟನೆಯ ಕರೆ ಬಾರದ ತಿಂಗಳುಗಳಲ್ಲಿ ಮನೆ ನಡೆಸಿದ್ದು ಮಾತ್ರ ಸುತ್ತಿಗೆಯೇ. ಇದನ್ನು ದೊಡ್ಡಪ್ಪನಿಗೆ ಇನ್ನೂ ಹೇಳಿಲ್ಲ.

ಮುಂದಿನ ತಿಂಗಳ ನಾಟಕದಲ್ಲಿ ನನ್ನದು ಎಪ್ಪತ್ತೈದರ ಮುದುಕನ ಪಾತ್ರ, ಸೆಟ್ಟೂ ನನ್ನದೇ. ಕಂದೀಲು ಹಿಡಿದು ಅಟ್ಟಕ್ಕೆ ಹತ್ತುವ ಒಂದು ದೃಶ್ಯವಿದೆ. ಈ ಸಲ ಮುದುಕ ನಡುವೆ ನಿಂತು ಏದುಸಿರು ಬಿಡಬೇಕು, ಮಾತು ಅರ್ಧಕ್ಕೆ ನಿಲ್ಲಬೇಕು. ಪ್ಲೈವುಡ್ಡು ನಿನ್ನೆ ಬಂದಿದೆ. ಮೂರನೆಯ ಮೆಟ್ಟಿಲೊಂದನ್ನು ಮಾತ್ರ ಒಂಬತ್ತು ಇಂಚು ಇಡೋಣವೆಂದು ಬಡಗಿಗೆ ಹೇಳಿದೆ. ಅವರು ಅಳತೆಯ ಟೇಪು ಕೆಳಗಿಟ್ಟು ನನ್ನ ಮುಖವನ್ನೇ ನೋಡಿದರು.