ಗುಡ್ಡದ ಮೇಲಿನ ಟೆಲಿರೇಡಿಯೊ

ಪಾಲ್ ಮೇಸನ್ ಪೆಸಿಫಿಕ್ ಸಾಗರದ ಬೂಗನ್‌ವಿಲ್ ದ್ವೀಪದ ತೆಂಗಿನ ತೋಟವೊಂದರ ಮ್ಯಾನೇಜರು. ಜೊತೆಗೆ ರೇಡಿಯೊ ಹುಚ್ಚು. 1942ರಲ್ಲಿ ಜಪಾನಿ ಸೇನೆ ದ್ವೀಪವನ್ನು ಹಿಡಿದಾಗ ಅವನು ಓಡಿಹೋಗದೆ ರೇಡಿಯೊ ಸೆಟ್ ಹೊರಿಸಿಕೊಂಡು ಕಾಡು ಹೊಕ್ಕ. ಆಸ್ಟ್ರೇಲಿಯಾ ನೌಕಾಪಡೆ ಯುದ್ಧಕ್ಕೆ ಮೊದಲೇ ಕಟ್ಟಿದ್ದ, ಶತ್ರುವಿನ ಹಡಗು, ವಿಮಾನಗಳನ್ನು ಕಂಡು ರೇಡಿಯೊದಲ್ಲಿ ಸುದ್ದಿ ಕೊಡುವ ‘ಕೋಸ್ಟ್‌ವಾಚರ್’ (ಕರಾವಳಿ ಕಾವಲುಗಾರರ) ಜಾಲದಲ್ಲಿ ಇಂಥ ತೋಟದವರು, ಸರ್ಕಾರಿ ಅಧಿಕಾರಿಗಳು, ಪಾದ್ರಿಗಳೇ ತುಂಬಿದ್ದರು.

ಅವರ ಸೆಟ್ ಎಡಬ್ಲ್ಯುಎ ಕಂಪನಿಯ ಟೆಲಿರೇಡಿಯೊ 3ಬಿ. ಮಾತಿನಲ್ಲಿ ಸುಮಾರು 400 ಮೈಲಿ, ಮೋರ್ಸ್‌ನಲ್ಲಿ 600 ಮೈಲಿ ಮುಟ್ಟುತ್ತಿತ್ತು. ಟ್ರಾನ್ಸ್‌ಮಿಟರ್, ರಿಸೀವರ್, ಸ್ಪೀಕರ್ ಸೇರಿ ಮೂರು ಲೋಹದ ಪೆಟ್ಟಿಗೆ. ಅದರ ಜೊತೆಗೆ 6 ವೋಲ್ಟಿನ ಕಾರ್ ಬ್ಯಾಟರಿಗಳು, ಅವನ್ನು ಚಾರ್ಜ್ ಮಾಡಲು 30 ಕಿಲೋಗೂ ಮೀರಿದ ಪೆಟ್ರೋಲ್ ಎಂಜಿನ್, ಪೆಟ್ರೋಲ್ ಡಬ್ಬಗಳು. ಎಲ್ಲ ಹೊರಲು 12ರಿಂದ 16 ಆಳು ಬೇಕು. ಕಡಿದಾದ ಹಾದಿಯಲ್ಲಿ ಬ್ಯಾಟರಿ ವಾಲಿದರೆ ಆಸಿಡ್ ಚೆಲ್ಲುತ್ತದೆ. ಕಾಡಿನ ತೇವಕ್ಕೆ ಕೆಪಾಸಿಟರ್ ಸೋರತೊಡಗಿ ಟ್ರಾನ್ಸ್‌ಮಿಟರಿನ ಶಕ್ತಿ ಕುಸಿಯುತ್ತದೆ. ಎಂಜಿನ್ ಸದ್ದು ಕಣಿವೆಯುದ್ದಕ್ಕೂ ಕೇಳುತ್ತದೆ. ಹೊರುವ ಹಳ್ಳಿಯವರು ಕೈಬಿಟ್ಟ ದಿನ ಸೆಟ್ ಇದ್ದಲ್ಲೇ ಉಳಿಯಿತು ಎಂದೇ ಲೆಕ್ಕ. ಕೋಸ್ಟ್‌ವಾಚರ್‌ಗಳ ಬಗ್ಗೆ ಬರೆಯುವವರು ಈ ಹೊರೆಯಾಳುಗಳನ್ನು ಒಂದೇ ಸಾಲಿನಲ್ಲಿ ಮುಗಿಸಿಬಿಡುವುದು ನ್ಯಾಯವಲ್ಲ.

ಗುಡ್ಡ ಹತ್ತಿದ್ದು ಸಿಗ್ನಲ್ಲಿಗಾಗಿ ಎಂದು ಹಲವರು ತಿಳಿದಿದ್ದಾರೆ. ಹಾಗಲ್ಲ. ಶಾರ್ಟ್‌ವೇವ್ ಅಷ್ಟು ದೂರ ಹೋಗುವುದು ವಾತಾವರಣದ ಮೇಲ್ಪದರವಾದ ಅಯಾನುಗೋಳಕ್ಕೆ ತಾಗಿ ಮರಳುವುದರಿಂದ. 6 ಮೆಗಾಹರ್ಟ್ಸ್‌ಗೆ ಎರಡು ಮರಗಳ ನಡುವೆ 24 ಮೀಟರ್ ತಂತಿ ಕಟ್ಟಿದರೆ ಕಣಿವೆಯಿಂದಲೂ ಮಾತಾಡಬಹುದು. ಗುಡ್ಡ ಬೇಕಾದದ್ದು ಕಣ್ಣಿಗೆ. ಬೂಗನ್‌ವಿಲ್‌ನ ದಕ್ಷಿಣದ ಬೂಯಿನ್ ಬಳಿಯ ಮಲಬಿಟಾ ಗುಡ್ಡದಲ್ಲಿ ನಿಂತರೆ, ಜಪಾನಿ ನೆಲೆ ರಬೌಲ್‌ನಿಂದ ಗ್ವಾಡಲ್‌ಕೆನಾಲ್ ದ್ವೀಪಕ್ಕೆ ಹೋಗುವ ವಿಮಾನಗಳು ನೇರ ತಲೆಯ ಮೇಲೆಯೇ ಹಾರುತ್ತಿದ್ದವು.

ಅಮೆರಿಕನ್ನರು ಗ್ವಾಡಲ್‌ಕೆನಾಲ್‌ನಲ್ಲಿ ಇಳಿದ 1942ರ ಆಗಸ್ಟ್ 7ರಂದು ಮೇಸನ್ ಕಳಿಸಿದ್ದು ಒಂದೇ ಸಾಲು: 24 ಟಾರ್ಪಿಡೊ ಬಾಂಬರ್‌ಗಳು ನಿಮ್ಮತ್ತ ಬರುತ್ತಿವೆ. ಗುಪ್ತಲಿಪಿ ಇಲ್ಲದೆ, ಬರಿಯ ಇಂಗ್ಲಿಷಿನಲ್ಲಿ. ಪೋರ್ಟ್ ಮೊರೆಸ್ಬಿ, ಟೌನ್ಸ್‌ವಿಲ್, ಕ್ಯಾನ್‌ಬೆರಾ, ಪರ್ಲ್ ಹಾರ್ಬರ್ ಸುತ್ತಿ ಅದು 25 ನಿಮಿಷದೊಳಗೆ ಗ್ವಾಡಲ್‌ಕೆನಾಲ್‌ನ ಅಮೆರಿಕನ್ ಹಡಗುಗಳಿಗೆ ತಲುಪಿತು. ನಿಜಕ್ಕೂ ಬಂದದ್ದು 27 ವಿಮಾನ, ಅವುಗಳಲ್ಲಿ ಟಾರ್ಪಿಡೊ ಇರಲಿಲ್ಲ, ಬಾಂಬುಗಳಿದ್ದವು. ಅದರಿಂದೇನೂ ಕೆಡಲಿಲ್ಲ. ಅಮೆರಿಕದ ವೈಲ್ಡ್‌ಕ್ಯಾಟ್ ಯುದ್ಧವಿಮಾನಗಳಿಗೆ ಬಾಂಬರ್‌ಗಿಂತ ಮೇಲೇರಲು ಸಮಯ ಬೇಕಿತ್ತು. ಎಣಿಕೆಗಿಂತ ದಿಕ್ಕು, ಹೊತ್ತು ಮುಖ್ಯ.

ಅಷ್ಟು ತುರ್ತಿಲ್ಲದ ಸುದ್ದಿಗೆ ಪ್ಲೇಫೇರ್ ಎಂಬ ಗುಪ್ತಲಿಪಿ. ಐದಕ್ಕೈದು ಮನೆಯ ಚೌಕದಲ್ಲಿ ಮೊದಲು ಕೀಲಿಪದದ ಇಂಗ್ಲಿಷ್ ಅಕ್ಷರಗಳನ್ನು, ಬಂದದ್ದು ಮತ್ತೆ ಬರದಂತೆ, ಆಮೇಲೆ ಉಳಿದವನ್ನು ತುಂಬಬೇಕು. ಐ, ಜೆ ಎರಡಕ್ಕೂ ಒಂದೇ ಮನೆ. 1943ರ ಆಗಸ್ಟ್‌ನಲ್ಲಿ ಮುಂದೆ ಅಮೆರಿಕದ ಅಧ್ಯಕ್ಷನಾದ ಜಾನ್ ಕೆನಡಿಯ ಪಿಟಿ-109 ಯುದ್ಧದೋಣಿ ಮುಳುಗಿದ ಸುದ್ದಿಗೆ ಕೀಲಿ ‘ರಾಯಲ್ ನ್ಯೂಜಿಲೆಂಡ್ ನೇವಿ’. ಅಕ್ಷರಗಳನ್ನು ಜೋಡಿಜೋಡಿಯಾಗಿ ತೆಗೆದುಕೊಳ್ಳಬೇಕು. ಜೋಡಿ ಒಂದೇ ಸಾಲಿನಲ್ಲಿದ್ದರೆ ಬಲಗಡೆಯವು, ಒಂದೇ ಕಂಬದಲ್ಲಿದ್ದರೆ ಕೆಳಗಿನವು, ಇಲ್ಲದಿದ್ದರೆ ಆಯತದ ಎದುರು ಮೂಲೆಗಳು, ಆಯಾ ಸಾಲಿನಲ್ಲೇ. ಆ ಚೌಕದಲ್ಲಿ ‘ಪಿ-ಟಿ’ ಎಂಬುದು ‘ಕೆ-ಎಕ್ಸ್’ ಆಗುತ್ತದೆ, ‘ಬಿ-ಒ’ ಎಂಬುದು ‘ಜೆ-ಇ’. ಪೆನ್ಸಿಲ್, ಕಾಗದ ಸಾಕು, ಶತ್ರು ಬಂದರೆ ಸುಟ್ಟುಹಾಕಬೇಕಾದ ಸಂಕೇತ ಪುಸ್ತಕವೂ ಇಲ್ಲ. ಆದರೆ ಜೋಡಿ ತಿರುಗಿಸಿದರೆ ಉತ್ತರವೂ ತಿರುಗುತ್ತದೆ. ಒಂದೇ ಕೀಲಿಯಲ್ಲಿ ಉದ್ದುದ್ದ ಕಳಿಸಿದರೆ ಪಳಗಿದವನು ಬಿಡಿಸುತ್ತಾನೆ. ಕೆಲವು ಗಂಟೆ ಗುಟ್ಟಾಗಿದ್ದರೆ ಸಾಕಾದ ಸುದ್ದಿಗಷ್ಟೇ ಅದು.

ಸಮವಸ್ತ್ರವಿಲ್ಲದೆ ಸಿಕ್ಕಿಬಿದ್ದವನು ಗೂಢಚಾರ, ಶಿಕ್ಷೆ ಮರಣ. ಟಾಬರ್ ದ್ವೀಪದ ತೋಟಗಾರ ಕಾರ್ನೀಲಿಯಸ್ ಪೇಜ್‌ನನ್ನು 1942ರಲ್ಲಿ ಜಪಾನೀಯರು ಕೊಂದರು. ಗೂಢಚಾರರೆನಿಸದಿರಲೆಂದು ಆ ವರ್ಷವೇ ಕೋಸ್ಟ್‌ವಾಚರ್‌ಗಳಿಗೆ ನೌಕಾಪಡೆಯ ಹುದ್ದೆ ಕೊಡತೊಡಗಿದರು. ಕೈಗೆ ಸಿಕ್ಕವರನ್ನು ಅದು ಎಷ್ಟು ಕಾಪಾಡೀತೆಂಬುದು ಬೇರೆ ಮಾತು. ಮೇಸನ್ ಉಳಿದ. 1943ರ ಜುಲೈನಲ್ಲಿ ಗಾರ್ಡ್‌ಫಿಶ್ ಎಂಬ ಅಮೆರಿಕನ್ ಜಲಾಂತರ್ಗಾಮಿ ಅವನನ್ನೂ ಜೊತೆಯವರನ್ನೂ ದ್ವೀಪದಿಂದ ಕರೆದೊಯ್ಯಿತು.