ಹಂಡೆಯೊಳಗಿನ ಮನುಷ್ಯ

ರಾತ್ರಿ ಹನ್ನೊಂದೂವರೆಗೆ ನಾನು ಜೋರಾಗಿ ‘ಅಯ್ಯೋ’ ಅಂದೆ. ಒಳಗಿಂದ ಅಮ್ಮ, “ಏನಾತೋ?” ಬಿದ್ದೆ ಅಂದೆ. “ನೀನು ಬಿದ್ಯಾ, ಮೊಬೈಲ್ ಬಿತ್ತಾ?”

ಎರಡೂ ಅಲ್ಲ. ಬಿದ್ದವನು ‘ಗೆಟಿಂಗ್ ಓವರ್ ಇಟ್’ ಆಟದ ಬೋಳುತಲೆಯವ. ಸೊಂಟದಿಂದ ಕೆಳಗೆ ಹಂಡೆ, ಕೈಯಲ್ಲಿ ಉದ್ದ ಹಿಡಿಯ ಸುತ್ತಿಗೆ. ಅದನ್ನು ಕಲ್ಲಿಗೆ ಸಿಕ್ಕಿಸಿ, ಮೈ ಎಳ್ಕೊಂಡು ಬೆಟ್ಟ ಹತ್ತಬೇಕು. ಚೆಕ್‌ಪಾಯಿಂಟ್ ಇಲ್ಲ, ಅಂದ್ರೆ ಬಿದ್ದರೆ ಹತ್ತಿದಲ್ಲಿಂದಲೇ ಮತ್ತೆ ಶುರು ಮಾಡೋಕೆ ನಡುವೆ ಗುರುತಿನ ಜಾಗ ಇಲ್ಲ. ಒಂದು ಗಂಟೆಯ ದುಡಿಮೆ ಎರಡು ಸೆಕೆಂಡಿನಲ್ಲಿ ಹೋಗುತ್ತೆ. ಮೇಲಿಂದ, ಆಟ ಮಾಡಿದ ಬೆನೆಟ್ ಫಾಡಿ ತಮ್ಮದೇ ದನಿಯಲ್ಲಿ ಸಮಾಧಾನ ಬೇರೆ ಹೇಳ್ತಾರೆ! ಇದು ಬಂದದ್ದು 2017ರಲ್ಲಿ. 2008ರಲ್ಲೇ ಇವರು ‘ಕ್ವಾಪ್’ ಅನ್ನೋ ಓಟದ ಆಟ ಮಾಡಿದ್ದರು. ಓಟಗಾರನ ತೊಡೆಗೆ ಎರಡು ಕೀ, ಮೀನಖಂಡಕ್ಕೆ ಎರಡು. ನೂರು ಮೀಟರ್ ಓಡಬೇಕು. ನಾನು ಒಂದು ಹೆಜ್ಜೆ ಇಟ್ಟು ಮಕಾಡೆ ಬಿದ್ದಿದ್ದೆ.

ಸಿಟ್ಟು ಬರುತ್ತೆ, ಆದರೆ ಬೈಯೋಕೆ ಯಾರೂ ಸಿಗಲ್ಲ. ಸುತ್ತಿಗೆ ನನ್ನ ಬೆರಳು ಹೋದಷ್ಟೇ ಹೋಗಿದ್ದು. ಲಕ್ ಅನ್ನೋದು ಇಲ್ಲವೇ ಇಲ್ಲ. ಅದಕ್ಕೇ ಬಿಡೋಕಾಗಲ್ಲ ಅನ್ಸುತ್ತೆ.

ನಮ್ಮ ಚಿತ್ರದುರ್ಗದ ಕೋಟೆ ಗೋಡೆಯನ್ನು ಜ್ಯೋತಿರಾಜ್ ಬರಿಗೈಯಲ್ಲಿ ಹತ್ತೋದನ್ನು ಕತ್ತೆತ್ತಿ ನೋಡಿದವನು ನಾನು. ಹೈಸ್ಕೂಲಲ್ಲಿದ್ದಾಗ ನಾನೂ ಒಂದು ಬಂಡೆ ಹತ್ತಿದ್ದೆ, ಚಪ್ಪಲಿ ಬಾಯಲ್ಲಿ ಕಚ್ಕೊಂಡು. ಅರ್ಧಕ್ಕೆ ಕಾಲು ನಡುಗಿ, ಕೂತಲ್ಲೇ ಜಾರ್ಕೊಂಡು ಇಳಿದೆ. ಪ್ಯಾಂಟ್ ಹರಿದಿತ್ತು.

ಈಗ ಹನ್ನೆರಡೂಕಾಲು. ಹಂಡೆ ಮತ್ತೆ ಮೊದಲ ಮರದ ಬುಡದಲ್ಲೇ ಇದೆ. ಚಾರ್ಜರ್ ಎಲ್ಲಿಟ್ಟೆ?